ಮದುವೆ ದಿನಕ್ಕೆ ಮೇಕಪ್ ಆರ್ಟಿಸ್ಟ್: ಆರಿಸೋದು ಹೇಗೆ, ಟ್ರಯಲ್‌ನಲ್ಲಿ ಏನು ನೋಡಬೇಕು?

ಹೊಸಹೆಜ್ಜೆ
ಮದುವೆಗೆ ಇನ್ನು 5 ತಿಂಗಳಿದೆ. ಮೂವರು ಆರ್ಟಿಸ್ಟ್‌ಗಳ ಹೆಸರು ಕೈಯಲ್ಲಿದೆ. ಮೂವರ ಫೋಟೋಗಳೂ ಚೆನ್ನಾಗಿವೆ, ಆರಿಸೋಕೆ ಕಷ್ಟ ಆಗಿರೋದೇ ಅದಕ್ಕೆ. ಹಣೆ, ಮೂಗು ಎಣ್ಣೆ ಬಿಡುತ್ತೆ, ಕೆನ್ನೆ ಒಣಗುತ್ತೆ, ಕಣ್ಣಿನ ಕೆಳಗೆ ಕಪ್ಪು ಇದೆ. ಬೆಳಗಿನ ಕಾರ್ಯಕ್ರಮ ಬಯಲಲ್ಲಿ, ಸಂಜೆಯದು ಹಾಲ್ ಒಳಗೆ, ಒಟ್ಟು 10 ಗಂಟೆ ಮೇಕಪ್ ನಿಲ್ಲಬೇಕು. ಅವರಿಗೆ ಏನೇನು ಕೇಳಲಿ? ಏರ್‌ಬ್ರಶ್ಶೇ (ಗಾಳಿಯಲ್ಲಿ ಮೇಕಪ್ ಸಿಂಪಡಿಸೋದು) ಬೇಕು ಅಂತ ಹಲವರು ಹೇಳ್ತಿದ್ದಾರೆ, ನಿಜವಾ?

ಬಣ್ಣದಪೆಟ್ಟಿಗೆ
ಫೋಟೋ ನೋಡಿ ತೀರ್ಮಾನ ಮಾಡಬೇಡಿ. ಬಹುತೇಕ ಫೋಟೋಗಳು ಬ್ರಶ್ ಕೆಳಗಿಟ್ಟ ಐದು ನಿಮಿಷದೊಳಗೆ, ರಿಂಗ್ ಲೈಟ್ ಮುಂದೆ ತೆಗೆದವು. ಆ ಹೊತ್ತಿಗೆ ಯಾರ ಕೈಯ ಮೇಕಪ್ಪಾದರೂ ಚೆನ್ನಾಗೇ ಕಾಣುತ್ತೆ. ನಿಮಗೆ ಗೊತ್ತಾಗಬೇಕಾದ್ದು 8ನೇ ಗಂಟೆಗೆ ಆ ಮುಖ ಹೇಗಿರುತ್ತೆ ಅನ್ನೋದು.

ಮೂವರಿಗೂ ಮೂರು ವಸ್ತು ಕೇಳಿ. ಎಡಿಟ್ ಮಾಡದ ಒಂದು ಕ್ಲೋಸಪ್. ಕಿಟಕಿ ಬೆಳಕಲ್ಲಿ ವಧು ಮುಖವನ್ನು ಆ ಕಡೆ ಈ ಕಡೆ ತಿರುಗಿಸುವ ಹತ್ತು ಸೆಕೆಂಡಿನ ವಿಡಿಯೋ. ಕಾರ್ಯಕ್ರಮ ಮುಗಿಯೋ ಹೊತ್ತಿನ ಒಂದು ಫೋಟೋ. ಮೂರನೆಯದನ್ನು ಇಟ್ಟುಕೊಂಡಿರುವವರು ಕಡಿಮೆ. ಇಟ್ಟುಕೊಂಡಿದ್ದಾರೆ ಅಂದರೆ ತಮ್ಮ ಕೆಲಸ ಸಂಜೆಗೆ ಏನಾಯ್ತು ಅಂತ ತಿರುಗಿ ನೋಡುವ ಅಭ್ಯಾಸ ಅವರಿಗಿದೆ ಅಂತ ಅರ್ಥ. ಫಿಲ್ಟರ್ ಹಾಕಿದ್ದಾರಾ ಅಂತ ತಿಳಿಯೋಕೆ ಮೂಗಿನ ಪಕ್ಕದ ರಂಧ್ರಗಳನ್ನೂ ಹಣೆಯಂಚಿನ ಸಣ್ಣ ಕೂದಲನ್ನೂ ನೋಡಿ. ಅವೆರಡೂ ಅಳಿಸಿದಂತಿದ್ದರೆ ಅದು ಚರ್ಮ ಅಲ್ಲ, ಆ್ಯಪ್‌ನ ಕೆಲಸ.

ಇನ್ನೊಂದು: ಹತ್ತು ವಧುಗಳ ಫೋಟೋ ಒಟ್ಟಿಗೆ ಇಟ್ಟು ನೋಡಿ. ಹತ್ತೂ ಮುಖ ಒಂದೇ ಥರ ಕಂಡರೆ, ಒಂದೇ ಹುಬ್ಬು, ಒಂದೇ ಕಣ್ಣು, ಒಂದೇ ತುಟಿ ಇದ್ದರೆ, ಅವರಿಗೆ ಬರೋದು ಒಂದೇ ಮುಖ. ಅದು ನಿಮಗೆ ಒಪ್ಪುತ್ತೋ ಇಲ್ಲವೋ ಅದೃಷ್ಟ. ನಿಮ್ಮ ಮೈಬಣ್ಣದ, ನಿಮ್ಮ ಕಣ್ಣಿನ ಆಕಾರದ ಇಬ್ಬರಾದರೂ ಅವರ ಕೆಲಸದಲ್ಲಿ ಇರಲೇಬೇಕು.

ಬಣ್ಣದಪೆಟ್ಟಿಗೆ
ಟ್ರಯಲ್, ಅಂದರೆ ಮದುವೆಗೆ ಮೊದಲೇ ಒಮ್ಮೆ ಮಾಡಿಸಿ ನೋಡೋ ಮೇಕಪ್, ಅದರ ಬಗ್ಗೆ ಬೇರೆಯಾಗಿ ಬರೀತೀನಿ, ನಿರ್ಧಾರ ಆಗಬೇಕಾದ್ದು ಅಲ್ಲೇ.

ಮದುವೆಗೆ 4ರಿಂದ 8 ವಾರ ಮೊದಲು ಇಟ್ಟುಕೊಳ್ಳಿ. ತೀರಾ ಮುಂಚೆ ಆದರೆ ಹವಾಮಾನ, ಚರ್ಮ ಎರಡೂ ಬದಲಾಗಿರುತ್ತೆ. ತೀರಾ ಹತ್ತಿರ ಆದರೆ ಆರ್ಟಿಸ್ಟ್ ಬದಲಿಸೋಕೆ ಟೈಮ್ ಇರಲ್ಲ. ಬೆಳಗ್ಗೆಯೇ ಮಾಡಿಸಿ, ಸಂಜೆ ತನಕ ತೆಗೀಬೇಡಿ. ಮದುವೆ ಉಡುಪಿನ ಬಣ್ಣಕ್ಕೂ ಕತ್ತಿನ ಆಕಾರಕ್ಕೂ ಹತ್ತಿರವಾದ ಬಟ್ಟೆ ಹಾಕಿಕೊಂಡು ಹೋಗಿ, ಮುಂದೆ ಗುಂಡಿ ಇರೋದಾದರೆ ತೆಗೆಯೋವಾಗ ಮುಖಕ್ಕೆ ತಾಗಲ್ಲ.

ಫೌಂಡೇಶನ್ (ಮುಖಕ್ಕೆಲ್ಲ ಹಚ್ಚೋ ಮೈಬಣ್ಣದ ಮೇಕಪ್) ಶೇಡ್ ಕೈ ಮೇಲೆ ನೋಡುವವರಿಂದ ದೂರ ಇರಿ. ಕೈಗೂ ಮುಖಕ್ಕೂ ಬಣ್ಣ ಬೇರೆ. ದವಡೆಯಿಂದ ಕುತ್ತಿಗೆವರೆಗೆ ಮೂರು ಶೇಡ್ ಪಕ್ಕಪಕ್ಕ ಗೆರೆ ಎಳೆದು, ಹಗಲು ಬೆಳಕಿಗೆ ಬಂದು ನೋಡಬೇಕು. ಯಾವ ಗೆರೆ ಕಾಣದೆ ಹೋಯ್ತೋ ಅದು ನಿಮ್ಮದು. ನೋಡಿದ ತಕ್ಷಣ ಹೂಂ ಅನ್ನಬೇಡಿ, 20ರಿಂದ 30 ನಿಮಿಷ ಬಿಡಿ. ಚರ್ಮದ ಎಣ್ಣೆ ಸೇರಿ, ಜೊತೆಗಿರೋ ದ್ರವ ಆರಿ, ಹಲವು ಫೌಂಡೇಶನ್‌ಗಳು ಅರ್ಧದಿಂದ ಒಂದು ಶೇಡ್ ಕಪ್ಪಾಗುತ್ತವೆ ಅಥವಾ ಕಿತ್ತಳೆಗೆ ತಿರುಗುತ್ತವೆ. ಎಣ್ಣೆ ಬಿಡುವ ಹಣೆಯಲ್ಲಿ ಇದು ಬೇಗ ಗೊತ್ತಾಗುತ್ತೆ.

ಕೇಳದೆಯೇ ಎರಡು ಶೇಡ್ ಬಿಳಿ ಹಚ್ಚುವವರು ಇದ್ದಾರೆ. ಅವರನ್ನು ಬುಕ್ ಮಾಡಬೇಡಿ, ಇದನ್ನು ಖಡಾಖಂಡಿತವಾಗಿ ಹೇಳ್ತೀನಿ. ಬಿಳಿ ಶೇಡ್‌ನಲ್ಲಿ ಟೈಟಾನಿಯಂ ಡೈಆಕ್ಸೈಡ್ ಅನ್ನೋ ಬಿಳಿ ಪುಡಿ ಹೆಚ್ಚಿರುತ್ತೆ, ಗೋಧಿ ಅಥವಾ ಕಪ್ಪು ಮೈಬಣ್ಣದ ಮೇಲೆ ಅದು ಬೆಳ್ಳಗಾಗಲ್ಲ, ಬೂದು ಬಳಿದ ಹಾಗೆ ಆಗುತ್ತೆ. ಕಿವಿ, ಕುತ್ತಿಗೆ, ಕೈ ಬೇರೆ ಬಣ್ಣ, ಮುಖ ಬೇರೆ ಬಣ್ಣ. ನಿಮ್ಮ ಬಣ್ಣದಲ್ಲೇ ನಿಮ್ಮನ್ನು ಚೆಂದ ಮಾಡೋದು ಬರಬೇಕು.

ಹೊಸಹೆಜ್ಜೆ
ಬೂದು ಅಂದಿರಲ್ಲ, ಕಣ್ಣಿನ ಕೆಳಗೆ ಕಪ್ಪು ಮುಚ್ಚೋ ಕನ್ಸೀಲರ್ ಹಾಕಿದಾಗಲೂ ಹಾಗೇ ಕಾಣುತ್ತೆ. ಯಾಕೆ?

ಬಣ್ಣದಪೆಟ್ಟಿಗೆ
ನೀಲಿ ಅಥವಾ ಕಂದು ಛಾಯೆಯ ಮೇಲೆ ನೇರವಾಗಿ ತಿಳಿ ಕನ್ಸೀಲರ್ ಬಿದ್ದರೆ ಬೂದು ಆಗೇ ಆಗುತ್ತೆ. ಮೊದಲು ಆ ಛಾಯೆಯನ್ನು ಎದುರು ಬಣ್ಣದಿಂದ ಕೊಲ್ಲಬೇಕು. ತಿಳಿ ಮೈಬಣ್ಣಕ್ಕೆ ಪೀಚ್, ಗಾಢ ಬಣ್ಣಕ್ಕೆ ಕಿತ್ತಳೆ. ಈ ಎದುರು ಬಣ್ಣಕ್ಕೇ ಕರೆಕ್ಟರ್ ಅನ್ನೋದು, ಒಂದು ಕಣ್ಣಿಗೆ ಸಾಸಿವೆ ಕಾಳಿನಷ್ಟು ಸಾಕು, ಅದೂ ಕಪ್ಪಿರುವ ಜಾಗಕ್ಕೆ ಮಾತ್ರ. ಬೆರಳಿನ ಬಿಸಿಗೆ ಒತ್ತಿ ಕೂರಿಸಿ, ಒಂದು ನಿಮಿಷ ಬಿಟ್ಟು, ಚರ್ಮಕ್ಕೆ ಸರಿಹೊಂದುವ ಕನ್ಸೀಲರ್ ತೆಳ್ಳಗೆ. ಮೇಲೆ ಪೌಡರ್ ರಾಶಿ ಹಾಕಿ ಹತ್ತು ನಿಮಿಷ ಬಿಡೋ 'ಬೇಕಿಂಗ್' ಅನ್ನು ಒಣಗುವ ಕಣ್ಣಂಚಿಗೆ ಮಾಡಿಸಲೇಬೇಡಿ. ಎರಡು ಗಂಟೆಯಲ್ಲಿ ಗೆರೆಗೆರೆ ಬೀಳುತ್ತೆ.

ನಿಮ್ಮಂಥ ಮಿಶ್ರ ಚರ್ಮಕ್ಕೆ ಕೇಳಬೇಕಾದ ಒಂದೇ ಪ್ರಶ್ನೆ: 'ನನ್ನ ಹಣೆಗೂ ಕೆನ್ನೆಗೂ ಬೇರೆ ಬೇರೆ ಏನು ಮಾಡ್ತೀರಿ?' ಕೆನ್ನೆಗೆ ಮಾಯಿಶ್ಚರೈಸರ್ ಹಚ್ಚಿ 5ರಿಂದ 10 ನಿಮಿಷ ಹೀರಲು ಬಿಡ್ತೀನಿ, ಹಣೆ ಮೂಗಿಗೆ ಮಾತ್ರ ಎಣ್ಣೆ ತಡೆಯೋ ಪ್ರೈಮರ್ (ಫೌಂಡೇಶನ್‌ಗೆ ಮೊದಲು ಹಚ್ಚೋದು), ಪೌಡರೂ ಅಲ್ಲಿಗೆ ಮಾತ್ರ: ಹೀಗೆ ಉತ್ತರ ಬಂದರೆ ಸರಿ. 'ಎಲ್ಲರಿಗೂ ಇದನ್ನೇ ಹಾಕೋದು, ತೊಂದರೆ ಆಗಿಲ್ಲ' ಅಂದರೆ ಮುಂದಿನವರನ್ನು ನೋಡಿ.

ಸಣ್ಣಹನಿ
ಏರ್‌ಬ್ರಶ್ ಬಗ್ಗೆ ಯಾರೂ ಹೇಳಿಲ್ಲ. ಬಯಲಲ್ಲಿ, ಬಿಸಿಲಲ್ಲಿ 10 ಗಂಟೆ ಅಂದರೆ ಅದೇ ವಾಸಿ. ಸಣ್ಣ ಕಂಪ್ರೆಸರ್‌ನ ಗಾಳಿಯಲ್ಲಿ ಫೌಂಡೇಶನ್ ಮಂಜಿನ ಹಾಗೆ ಬೀಳುತ್ತೆ, 15ರಿಂದ 20 ಸೆಂಟಿಮೀಟರ್ ದೂರದಿಂದ ತೆಳು ಪದರ, ಆರಿದ ಮೇಲೆ ಇನ್ನೊಂದು. ಮುಖಕ್ಕೆ ಸ್ಪಂಜು ಉಜ್ಜೋದಿಲ್ಲ. ಕುತ್ತಿಗೆ, ಭುಜ, ಬೆನ್ನಿಗೂ ಒಂದೇ ಸಮ ಕೂರುತ್ತೆ, ಬಟ್ಟೆಗೂ ಕಡಿಮೆ ಅಂಟುತ್ತೆ. ಸಿಲಿಕೋನ್ ಆಧಾರದ್ದು ಬೆವರಿಗೆ ಚೆನ್ನಾಗಿ ನಿಲ್ಲುತ್ತೆ.

ಬಣ್ಣದಪೆಟ್ಟಿಗೆ
ಸಣ್ಣಹನಿ ಅವರೇ, ಕೊನೆಯ ಮಾತು ಮುಖ್ಯ: ನಿಲ್ಲಿಸೋದು ಸಿಲಿಕೋನ್ ಸೂತ್ರ, ಯಂತ್ರ ಅಲ್ಲ. ನೀರಿನ ಆಧಾರದ ಏರ್‌ಬ್ರಶ್ ಮೇಲೆ ಕಣ್ಣೀರು ಹರಿದರೆ ಗೆರೆ ಉಳಿಯುತ್ತೆ. ಆಮೇಲೆ ಬೆರಳಲ್ಲಿ ಸರಿಮಾಡಲು ಹೋದರೆ ಆ ಜಾಗ ಕಿತ್ತು ಬರುತ್ತೆ. ಒಣಗಿ ಸಿಪ್ಪೆ ಎದ್ದ ಕೆನ್ನೆ ಇದ್ದರೆ ಪ್ರತಿ ಸಿಪ್ಪೆಯ ಅಂಚಿಗೂ ಹನಿ ಹಿಡಿದು ಎದ್ದು ಕಾಣುತ್ತೆ. ಹೊಸಹೆಜ್ಜೆ ಅವರ ಕೆನ್ನೆ ಒಣ ಅಂತ ಅವರೇ ಹೇಳಿದ್ದಾರೆ. ಕಣ್ಣಿನ ಕೆಳಗಿನ ಕಪ್ಪಿಗೆ ಹೇಗೂ ಕೈಯಲ್ಲೇ ಕೆಲಸ ಮಾಡಬೇಕು.

ಸಣ್ಣಹನಿ
ಒಣ ಕೆನ್ನೆಯ ಮಾತು ಒಪ್ಪಿದೆ. ಆದರೆ ಹಿಂದಿನ ವಾರಗಳಲ್ಲಿ ತೇವ ಸರಿಯಾಗಿ ಕೊಟ್ಟಿದ್ದರೆ ಸಿಪ್ಪೆ ಇರಲ್ಲ. ಏರ್‌ಬ್ರಶ್ ಮಾಡುವವರನ್ನು ಕರೆಯೋದಾದರೆ ಕೇಳಿ: ನೀರಿನದಾ, ಸಿಲಿಕೋನಿನದಾ? ಕರೆಂಟ್ ಹೋದರೆ ಬ್ಯಾಟರಿ ಇದೆಯಾ? ನಳಿಕೆ ಕಟ್ಟಿಕೊಂಡರೆ ಇನ್ನೊಂದು ಗನ್ ತರ್ತೀರಾ? ಬಣ್ಣ ಒಳಗೇ ಒಣಗಿದರೆ ಮಂಜಿನ ಬದಲು ಚುಕ್ಕೆ ಚುಕ್ಕೆಯಾಗಿ ಸಿಡಿಯುತ್ತೆ, ಆಗ ಕೈಕೆಲಸ ಬಾರದವರಾದರೆ ಕಷ್ಟ.

ಬೆಳಕುಗಾರ
ಫೋಟೋ ತೆಗೆಯುವ ಕಡೆಯಿಂದ ನಾಲ್ಕು ಮಾತು. ಮೇಕಪ್ ಕೆಟ್ಟಿತು ಅನ್ನೋದರಲ್ಲಿ ಒಂದು ಭಾಗ ನಿಜವಾಗಿ ಬೆಳಕಿನ ಸಮಸ್ಯೆ.

ಫ್ಲ್ಯಾಶ್‌ಗೆ ಮುಖ ಮಾತ್ರ ಬೆಳ್ಳಗೆ ಹಿಟ್ಟು ಮೆತ್ತಿದ ಹಾಗೆ ಬರೋದಕ್ಕೆ ಮುಖ್ಯ ಕಾರಣ ಸಿಲಿಕಾ ಪೌಡರ್ ಮತ್ತು ಸನ್‌ಸ್ಕ್ರೀನ್‌ನ ಝಿಂಕ್ ಆಕ್ಸೈಡ್, ಟೈಟಾನಿಯಂ ಡೈಆಕ್ಸೈಡ್. 'ಎಚ್‌ಡಿ' ಹೆಸರಿನ ಬಿಳಿ ಪೌಡರ್‌ಗಳಲ್ಲಿ ಹಲವು ಬರೀ ಸಿಲಿಕಾ. ಕಣ್ಣಿಗೆ ಕಾಣಲ್ಲ, ಕನ್ನಡಿಯಲ್ಲೂ ಕಾಣಲ್ಲ, ಫ್ಲ್ಯಾಶ್ ಬಿದ್ದಾಗ ಮಾತ್ರ ಬೆಳಕನ್ನು ನೇರ ಕ್ಯಾಮೆರಾಗೆ ವಾಪಸ್ ಕಳಿಸುತ್ತೆ. ಪರೀಕ್ಷೆ ಸುಲಭ: ಟ್ರಯಲ್ ಮುಗಿದ ಮೇಲೆ ಮಬ್ಬು ಕೋಣೆಗೆ ಹೋಗಿ, ಫ್ಲ್ಯಾಶ್ ಹಾಕಿ, ಒಂದೂವರೆ ಮೀಟರ್ ದೂರದಿಂದ ಎದುರಿಗೇ ಫೋಟೋ ತೆಗೆಸಿ. ಕಣ್ಣಿನ ಕೆಳಗೆ, ಮೂಗಿನ ಪಕ್ಕ ಬಿಳಿ ತೇಪೆ ಕಂಡರೆ ಪೌಡರ್ ಬದಲಿಸಲು ಹೇಳಿ. ಬೆಳಗಿನ ಬಿಸಿಲಿಗೆ ಸನ್‌ಸ್ಕ್ರೀನ್ ಬೇಡ ಅನ್ನಬೇಡಿ. ಈ ಖನಿಜಗಳ ಬದಲು ಬಿಸಿಲು ತಡೆಯೋ ರಾಸಾಯನಿಕ ಫಿಲ್ಟರ್ ಇರೋದನ್ನು ಹಚ್ಚಿ 15 ನಿಮಿಷ ಬಿಟ್ಟು ಮೇಕಪ್ ಶುರು ಮಾಡಬಹುದು.

ಮಬ್ಬು ಬೆಳಕಲ್ಲಿ ಮೇಕಪ್ ಮಾಡಿದರೆ ಕೈ ಭಾರವಾಗುತ್ತೆ. ಬೆಳಕಿನ ಬಣ್ಣವನ್ನು ಕೆಲ್ವಿನ್‌ನಲ್ಲಿ ಅಳೀತಾರೆ, ಹಳದಿ ಬಲ್ಬು ಸುಮಾರು 2700ರಿಂದ 3000 ಕೆಲ್ವಿನ್. ಅದರ ಕೆಳಗೆ ಬ್ಲಶ್ ಕಾಣಲ್ಲ, ಹಾಗಾಗಿ ಹೆಚ್ಚು ಹಾಕ್ತಾರೆ, ಬಿಸಿಲಿಗೆ ಬಂದಾಗ ಕೆನ್ನೆ ಕೆಂಪು ಚೆಂಡು. ನಡುಹಗಲಿನ ಬೆಳಕು 5500 ಕೆಲ್ವಿನ್ ಆಸುಪಾಸು. ಕಿಟಕಿಗೆ ಮುಖಮಾಡಿ ಕುರ್ಚಿ ಹಾಕಿ. ನಸುಕಿನಲ್ಲೇ ಶುರುಮಾಡಬೇಕಿದ್ದರೆ ಆರ್ಟಿಸ್ಟ್ ತಮ್ಮ ಲೈಟ್ ತರ್ತಾರಾ ಕೇಳಿ, 5000 ಕೆಲ್ವಿನ್ ಮೇಲಿರಲಿ, ಬಣ್ಣವನ್ನು ಇದ್ದ ಹಾಗೇ ತೋರಿಸುವ ಸೂಚ್ಯಂಕ (CRI) 90ಕ್ಕಿಂತ ಹೆಚ್ಚಿರಲಿ, ಮುಖದ ಎರಡೂ ಕಡೆಯಿಂದ ಬೀಳಲಿ.

ಸಂಜೆ ವೇದಿಕೆಗೆ ನೀಲಿ, ನೇರಳೆ ಎಲ್‌ಇಡಿ ಹಾಕಿಸಿದ್ದರೆ ಕೆಂಪು ಲಿಪ್‌ಸ್ಟಿಕ್ ಕಪ್ಪಾಗಿ ಬರುತ್ತೆ. ಯಾವ ಆರ್ಟಿಸ್ಟೂ ಅದನ್ನು ಸರಿಮಾಡಲಾರರು. ಲೈಟಿನವರಿಗೆ ಮುಖದ ಮೇಲೆ ಬಿಳಿ ಬೆಳಕೇ ಇರಲಿ, ಬಣ್ಣ ಹಿಂದಿನ ಗೋಡೆಗೆ ಇರಲಿ ಅಂತ ಮೊದಲೇ ಹೇಳಿ.

ಚರ್ಮದಡಾಕ್ಟರು
ನಿಮ್ಮಲ್ಲಿ 5 ತಿಂಗಳಿರುವುದು ಒಳ್ಳೆಯದು. ಚರ್ಮದ ಮೇಲ್ಪದರ ಹೊಸದಾಗಲು ಸುಮಾರು 4 ವಾರ ಬೇಕು, ಮೊಡವೆ ಚಿಕಿತ್ಸೆಗೆ 8ರಿಂದ 12 ವಾರ. ಏನು ಶುರು ಮಾಡುವುದಿದ್ದರೂ ಈಗಲೇ. ಕೊನೆಯ 4 ವಾರ ಹೊಸ ಕ್ರೀಮ್, ಸಿಪ್ಪೆ ಎಬ್ಬಿಸುವ ಪೀಲ್ ಯಾವುದೂ ಬೇಡ. ಕೊನೆಯ 2 ವಾರ ಫೇಶಿಯಲ್ ಬೇಡ. ವ್ಯಾಕ್ಸಿಂಗ್, ಥ್ರೆಡಿಂಗ್ 3–4 ದಿನ ಮೊದಲು ಮುಗಿಸಿ. ಹಿಂದಿನ ದಿನ ಮಾಡಿಸಿದರೆ ಕೆಂಪು ಗುಳ್ಳೆಗಳ ಮೇಲೆ ಮೇಕಪ್ ಕೂರುವುದಿಲ್ಲ. ರೆಟಿನಾಯ್ಡ್ (ವಿಟಮಿನ್ ಎ ಜಾತಿಯ) ಕ್ರೀಮ್ ಹಚ್ಚುವವರು ವ್ಯಾಕ್ಸಿಂಗ್‌ಗೆ ಒಂದು ವಾರ ಮೊದಲೇ ನಿಲ್ಲಿಸಬೇಕು, ಇಲ್ಲದಿದ್ದರೆ ಚರ್ಮವೇ ಕಿತ್ತು ಬರುತ್ತದೆ. ಮೊಡವೆಗೆ ಕೊಡುವ ಐಸೊಟ್ರೆಟಿನೊಯಿನ್ ಮಾತ್ರೆ ನುಂಗುತ್ತಿದ್ದರೆ ಆಗಲೂ, ನಿಲ್ಲಿಸಿದ 6 ತಿಂಗಳವರೆಗೂ ವ್ಯಾಕ್ಸಿಂಗ್ ಮಾಡಿಸಬಾರದು.

'ಒಂದು ತಿಂಗಳಲ್ಲಿ ಬೆಳ್ಳಗೆ' ಎಂದು ಯಾರಾದರೂ ಹೆಸರಿಲ್ಲದ ಡಬ್ಬಿಯ ಕ್ರೀಮ್ ಕೊಟ್ಟರೆ ಮುಟ್ಟಬೇಡಿ. ಅಂಥವುಗಳಲ್ಲಿ ಬೆಟಾಮೆಥಾಸೋನ್, ಕ್ಲೋಬೆಟಾಸೋಲ್‌ನಂಥ ಸ್ಟೀರಾಯ್ಡ್, ಕೆಲವೊಮ್ಮೆ ಪಾದರಸ ಇರುತ್ತದೆ. ಹಚ್ಚುವಷ್ಟು ದಿನ ಮುಖ ಹೊಳೆಯುತ್ತದೆ. ನಿಲ್ಲಿಸಿದೊಡನೆ ಉರಿ, ಕೆಂಪು, ಮೊಡವೆ.

ಆರ್ಟಿಸ್ಟ್ ಬಳಸುವ ಕಣ್ಣೆವೆಯ ಅಂಟು, ಫೌಂಡೇಶನ್, ಪ್ರೈಮರ್ ಇವುಗಳ ಪ್ಯಾಚ್ ಟೆಸ್ಟ್ ಕಡ್ಡಾಯ ಎಂದುಕೊಳ್ಳಿ. ಮೊಣಕೈ ಒಳಭಾಗದಲ್ಲಿ ಅಥವಾ ಕಿವಿಯ ಹಿಂದೆ ಒಂದು ರೂಪಾಯಿ ನಾಣ್ಯದಷ್ಟು ಹಚ್ಚಿ 48 ಗಂಟೆ ನೋಡಬೇಕು. ಸ್ಪರ್ಶದ ಅಲರ್ಜಿ ತಕ್ಷಣ ಕಾಣುವುದಿಲ್ಲ, ಎರಡನೇ ಮೂರನೇ ದಿನ ಏಳುತ್ತದೆ. ಹಾಗಾಗಿ 'ಹಚ್ಚಿ ಹತ್ತು ನಿಮಿಷ ನೋಡಿದೆ, ಏನೂ ಆಗಲಿಲ್ಲ' ಎನ್ನುವುದಕ್ಕೆ ಬೆಲೆಯಿಲ್ಲ. ಹಲವು ಅಂಟುಗಳಲ್ಲಿ ಲೇಟೆಕ್ಸ್ ಇರುತ್ತದೆ. ಬಲೂನು, ರಬ್ಬರ್ ಗ್ಲೌಸ್ ಮುಟ್ಟಿದರೆ ತುರಿಸುವವರು ಲೇಟೆಕ್ಸ್ ಇಲ್ಲದ್ದನ್ನೇ ಕೇಳಿ. ಕೂದಲಿಗೆ ಬಣ್ಣ ಹಾಕಿಸುವುದಿದ್ದರೂ ಇದೇ 48 ಗಂಟೆಯ ನಿಯಮ.

ಹೊಸಹೆಜ್ಜೆ
ಡಾಕ್ಟ್ರೇ, ಕಿಟ್ ಸ್ವಚ್ಛವಾಗಿದೆಯಾ ಅಂತ ನೋಡೋದು ಹೇಗೆ? ನೇರ ಕೇಳಿದರೆ ಬೇಜಾರು ಮಾಡ್ಕೋತಾರೇನೋ.

ಚರ್ಮದಡಾಕ್ಟರು
ಕೇಳಿ, ಸ್ವಚ್ಛವಾಗಿ ಕೆಲಸ ಮಾಡುವವರು ಬೇಜಾರು ಮಾಡಿಕೊಳ್ಳುವುದಿಲ್ಲ. ಟ್ರಯಲ್‌ನಲ್ಲಿ ಕೈಗಳನ್ನು ಗಮನಿಸಿ. ನಿಮ್ಮ ಮುಖ ಮುಟ್ಟುವ ಮೊದಲು ಕೈ ತೊಳೆದರೇ? ಲಿಪ್‌ಸ್ಟಿಕ್, ಕ್ರೀಮ್‌ಗಳನ್ನು ಸ್ಟೀಲ್ ಪಟ್ಟಿಯಿಂದ ಕೆರೆದು ಪ್ಯಾಲೆಟ್ ಮೇಲೆ ತೆಗೆದುಕೊಂಡರೇ, ಅಥವಾ ಕಡ್ಡಿಯನ್ನೇ ತುಟಿಗೆ ಒತ್ತಿದರೇ? ಮಸ್ಕಾರಾಗೆ ಬಿಸಾಡುವ ಬ್ರಶ್ ಬಳಸಿ, ಒಮ್ಮೆ ಕಣ್ಣಿಗೆ ತಾಗಿದ ಬ್ರಶ್ಶನ್ನು ಮತ್ತೆ ಬಾಟಲಿಗೆ ಅದ್ದಲಿಲ್ಲ ತಾನೆ? ಕಾಡಿಗೆ ಪೆನ್ಸಿಲ್‌ನ ತುದಿಯನ್ನು ಪ್ರತಿಯೊಬ್ಬರಿಗೂ ಹೊಸದಾಗಿ ಚೂಪು ಮಾಡಬೇಕು. ಸ್ಪಂಜು ಒಬ್ಬರಿಗೆ ಒಂದು. ಕಣ್ಣು ಬೇನೆ, ತುಟಿಯ ಹರ್ಪಿಸ್ ಗುಳ್ಳೆ ಇವು ಹೀಗೆಯೇ ದಾಟುತ್ತವೆ. ಬ್ರಶ್‌ಗೆ 70 ಶೇಕಡಾ ಐಸೊಪ್ರೊಪೈಲ್ ಆಲ್ಕೋಹಾಲ್ ಸರಿ, ಆದರೆ ಮೊದಲು ಸೋಪಿನಲ್ಲಿ ತೊಳೆದಿರಬೇಕು. ಜಿಡ್ಡಿನ ಒಳಗಿರುವ ಕ್ರಿಮಿಗೆ ಆಲ್ಕೋಹಾಲ್ ತಲುಪುವುದಿಲ್ಲ. ಡಬ್ಬಿಯ ಮೇಲೆ ಮುಚ್ಚಳ ತೆರೆದ ಚಿತ್ರದೊಳಗೆ 6 ಅಥವಾ 12 ಎಂದಿರುವುದು ತೆರೆದ ಮೇಲೆ ಎಷ್ಟು ತಿಂಗಳು ಬಳಸಬಹುದು ಎಂಬುದು. ಮಸ್ಕಾರಾಗೆ 3 ತಿಂಗಳೇ ಮಿತಿ.

ಗಡಿಯಾರ
ಕಾರ್ಯಕ್ರಮ ನಡೆಸುವ ಕೆಲಸ ನನ್ನದು. ಮೇಕಪ್ ಚೆನ್ನಾಗಿದ್ದೂ ದಿನ ಕೆಡೋದು ಟೈಮ್‌ನಿಂದ. ಹಿಂದಿನಿಂದ ಲೆಕ್ಕ ಹಾಕಿ.

ಕಾರ್ಯಕ್ರಮ 10:00ಕ್ಕೆ ಅಂದುಕೊಳ್ಳಿ. 9:15ರಿಂದ ಫೋಟೋ. ಉಡುಪಿಗೆ 30 ನಿಮಿಷ, ಅಂದರೆ 8:45. ಕೈಯಲ್ಲಿ 30 ನಿಮಿಷ ಹೆಚ್ಚಿಗೆ ಇಟ್ಟುಕೊಳ್ಳಿ, 8:15ಕ್ಕೆ ವಧುವಿನ ಮೇಕಪ್, ಕೂದಲು ಮುಗಿದಿರಬೇಕು. ಎರಡೂ ಸೇರಿ 2 ಗಂಟೆ 15 ನಿಮಿಷ ಅಂದರೆ 6:00ಕ್ಕೆ ಕುರ್ಚಿ ಮೇಲೆ. ಮನೆಯವರು ನಾಲ್ವರಿದ್ದರೆ ತಲಾ 40 ನಿಮಿಷ, 2 ಗಂಟೆ 40 ನಿಮಿಷ. ಆರ್ಟಿಸ್ಟ್ ಒಬ್ಬರೇ ಆದರೆ ಬೆಳಗಿನ ಜಾವ 3:20ಕ್ಕೆ ಶುರುವಾಗಬೇಕು. ಸಹಾಯಕರೊಬ್ಬರಿದ್ದರೆ 5:30ಕ್ಕೆ ಸಾಕು. 'ನಾನೊಬ್ಬಳೇ ಎಲ್ಲ ಮುಗಿಸ್ತೀನಿ' ಅಂದವರ ಹತ್ತಿರ ಈ ಲೆಕ್ಕವನ್ನು ಕಾಗದದ ಮೇಲೆ ಬರೆಸಿ.

ಅದೇ ದಿನ ಅವರು ಇನ್ನೊಂದು ಮದುವೆ ಒಪ್ಪಿಕೊಂಡಿದ್ದಾರಾ ಅಂತಲೂ ಕೇಳಿ. ಒಪ್ಪಿಕೊಂಡಿದ್ದರೆ ಓಡುವ ಅವಸರ ನಿಮ್ಮ ಮುಖದ ಮೇಲೆ ಕಾಣುತ್ತೆ.

ಅಡ್ವಾನ್ಸ್ ಕೊಡುವ ಮೊದಲು ಬರವಣಿಗೆಯಲ್ಲಿ ಇರಬೇಕಾದ್ದು: ಟ್ರಯಲ್ ಮಾಡಿದವರೇ ಆ ದಿನ ಬರ್ತಾರಾ, ಅವರ ಹೆಸರು ಸಮೇತ. ಅವರಿಗೆ ಹುಷಾರಿಲ್ಲದಿದ್ದರೆ ಯಾರು ಬರ್ತಾರೆ, ಅವರ ಕೆಲಸ ನೋಡೋಕೆ ಸಿಗುತ್ತಾ. ಬರುವ ಸಮಯ, ಜಾಗ, ಎಷ್ಟು ಮುಖ. ಕೂದಲು, ಕಣ್ಣೆವೆ, ಉಡುಪು ಉಡಿಸೋದು ಲೆಕ್ಕದ ಒಳಗಾ ಹೊರಗಾ. ಸಂಜೆ ಟಚ್‌ಅಪ್‌ಗೆ ಉಳಿದರೆ ಗಂಟೆಗೆಷ್ಟು. ದಿನಾಂಕ ಬದಲಾದರೆ, ರದ್ದಾದರೆ ಅಡ್ವಾನ್ಸ್ ಏನಾಗುತ್ತೆ. ನಿಮ್ಮ ಫೋಟೋ ಅವರು ಹಾಕಬಹುದಾ ಇಲ್ಲವಾ. ದೊಡ್ಡ ಹೆಸರಿನ ಸ್ಟುಡಿಯೋಗಳಲ್ಲಿ ಮೊದಲ ಅಂಶ ನೋಡದೆ ಸಹಿ ಹಾಕಲೇಬೇಡಿ.

ಹೆರಳು
ಕೂದಲಿನದೂ ಸ್ವಲ್ಪ. ಶಾಖ ಕೊಡುವ ಕೆಲಸ, ಅಂದರೆ ಡ್ರೈಯರ್, ಸುರುಳಿ ಮಾಡೋದು, ಮೇಕಪ್‌ಗೆ ಮೊದಲೇ ಮುಗೀಬೇಕು. ಆಮೇಲೆ ಮಾಡಿದರೆ ಹಣೆ ಬೆವರಿ ಫೌಂಡೇಶನ್ ಜಾರುತ್ತೆ. ಹೇರ್‌ಸ್ಪ್ರೇ ಹೊಡೆಯೋವಾಗ ಮುಖಕ್ಕೆ ಕಾಗದ ಅಡ್ಡ ಹಿಡೀಬೇಕು, ಅದರಲ್ಲಿರೋ ಆಲ್ಕೋಹಾಲ್ ಮೇಕಪ್ ಕರಗಿಸುತ್ತೆ. ತಲೆಸ್ನಾನ ಹಿಂದಿನ ದಿನ, ಕಂಡೀಷನರ್ ತುದಿಗಷ್ಟೇ. ಅದೇ ಬೆಳಗ್ಗೆ ತೊಳೆದ ಕೂದಲು ನುಣುಪಾಗಿ ಪಿನ್ ನಿಲ್ಲಲ್ಲ. ಮುಡಿಗೆ ಹಾಕುವ ಆಭರಣ, ಸೇರಿಸುವ ಕೂದಲು ಎಲ್ಲ ಟ್ರಯಲ್‌ಗೇ ತನ್ನಿ. ಭಾರ ಒಂದೇ ಜಾಗಕ್ಕೆ ಬಿದ್ದರೆ ಮೂರು ಗಂಟೆಯೊಳಗೆ ತಲೆನೋವು ಶುರು. ಪಿನ್ ಚುಚ್ಚಿದ್ದು ಆಗಲೇ ಹೇಳಿ, ಸಹಿಸಿಕೊಂಡು ಕೂರಬೇಡಿ.

ಮೂರುಸಂಜೆ
ಮದುಮಗನಿಗೂ ಏನಾದರೂ ಬೇಕಾ?

ಬಣ್ಣದಪೆಟ್ಟಿಗೆ
ಹೊಳಪು ತೆಗೆದರೆ ಸಾಕು ಸರ್. ಹಿಂದಿನ ಸಂಜೆ ಶೇವ್ ಮಾಡಿ, ಬೆಳಗ್ಗೆ ಮಾಯಿಶ್ಚರೈಸರ್, ಕಣ್ಣಿನ ಕೆಳಗೆ ಬೇಕಿದ್ದರೆ ತುಸು ಕನ್ಸೀಲರ್, ಹಣೆ ಮೂಗಿಗೆ ಬಣ್ಣವಿಲ್ಲದ ಪೌಡರ್. ಗಡ್ಡ ಇದ್ದರೆ ಅಲ್ಲಿಗೆ ಫೌಂಡೇಶನ್ ತಾಗಬಾರದು, ಕೂದಲ ಬುಡದಲ್ಲಿ ಬಿಳಿಬಿಳಿಯಾಗಿ ನಿಲ್ಲುತ್ತೆ. 15 ನಿಮಿಷದ ಕೆಲಸ.

ಬೆಳಕುಗಾರ
ಕನ್ನಡಕ, ಲೆನ್ಸ್ ಬಗ್ಗೆ ಯಾರೂ ಹೇಳಲಿಲ್ಲ. ಕಾಂಟ್ಯಾಕ್ಟ್ ಲೆನ್ಸ್ ಮೇಕಪ್‌ಗೆ ಮೊದಲು ಹಾಕಿ, ಮೇಕಪ್ ತೆಗೆಯುವ ಮೊದಲೇ ತೆಗೀರಿ. ಮೈನಸ್ ಪವರ್ ಕನ್ನಡಕ ಕಣ್ಣನ್ನು ಸಣ್ಣದಾಗಿ ತೋರಿಸುತ್ತೆ, ಕಣ್ಣಿನ ಮೇಕಪ್ ಒಂದು ಹಂತ ಹೆಚ್ಚಿರಲಿ. ಪ್ಲಸ್ ಪವರ್ ದೊಡ್ಡದಾಗಿ ತೋರಿಸುತ್ತೆ, ಮಸ್ಕಾರಾದ ಸಣ್ಣ ಉಂಡೆಯೂ ಎದ್ದು ಕಾಣುತ್ತೆ. ಉದ್ದದ ಕೃತಕ ಎವೆ ಗಾಜಿಗೆ ತಾಗುತ್ತಾ ಅಂತ ಟ್ರಯಲ್‌ನಲ್ಲೇ ಕನ್ನಡಕ ಹಾಕಿ ನೋಡಿ.

ಹೊಸಹೆಜ್ಜೆ
ಎಲ್ಲರಿಗೂ ತುಂಬಾ ಧನ್ಯವಾದ. ಮೂವರಲ್ಲಿ ಒಬ್ಬರು ಬರವಣಿಗೆ ಬೇಡ, ನಂಬಿಕೆ ಸಾಕು ಅಂದಿದ್ದಾರೆ. ಅವರನ್ನು ಬಿಟ್ಟೆ. ಉಳಿದಿಬ್ಬರ ಹತ್ತಿರ ಟ್ರಯಲ್ ಮಾಡಿಸ್ತೀನಿ. ಅಂದು ಬೆಳಗ್ಗೆ ಪ್ಯಾಚ್ ಟೆಸ್ಟ್, ಆಮೇಲೆ ಮೇಕಪ್. 2 ಗಂಟೆಗೊಮ್ಮೆ ಕಿಟಕಿ ಬೆಳಕಲ್ಲಿ ಒಂದು, ಫ್ಲ್ಯಾಶ್ ಹಾಕಿ ಒಂದು ಫೋಟೋ, ಸಂಜೆ 6ರ ತನಕ. ಹೀಗೆ ಸರಿಯಾ? ಎರಡು ಟ್ರಯಲ್ ನಡುವೆ ಎಷ್ಟು ದಿನ ಬಿಡಲಿ?

ಚರ್ಮದಡಾಕ್ಟರು
ಪ್ಯಾಚ್ ಟೆಸ್ಟ್ ಟ್ರಯಲ್ ದಿನವೇ ಬೇಡ, ಕನಿಷ್ಠ 3 ದಿನ ಮೊದಲು. ಅಂಟು ಮತ್ತು ಫೌಂಡೇಶನ್‌ನ ಸ್ವಲ್ಪ ಮಾದರಿ ಕೊಡಲು ಅವರಿಗೇ ಹೇಳಿ. ಎರಡು ಟ್ರಯಲ್ ನಡುವೆ ಒಂದು ವಾರ ಬಿಡಿ. ಇಲ್ಲವಾದರೆ ಗುಳ್ಳೆ ಎದ್ದಾಗ ಯಾರ ಸಾಮಗ್ರಿಯಿಂದ ಎಂದು ಗೊತ್ತಾಗುವುದಿಲ್ಲ.

ಬಣ್ಣದಪೆಟ್ಟಿಗೆ
ಫೋಟೋ ಲೆಕ್ಕ ಸರಿಯಿದೆ. ನಡುವೆ ಒಮ್ಮೆ ಅರ್ಧ ಗಂಟೆ ಬಿಸಿಲಲ್ಲಿ ನಡೀರಿ, ಬೆಳಗಿನ ಕಾರ್ಯಕ್ರಮ ಬಯಲಲ್ಲಿ ಅಲ್ವಾ. ಬೆವರಿದರೆ ಒರೆಸಬೇಡಿ, ಎಣ್ಣೆ ಹೀರೋ ಬ್ಲಾಟಿಂಗ್ ಪೇಪರ್ ಒತ್ತಿ ಎತ್ತಿ. ಎಣ್ಣೆ ಹೋದ ಮೇಲೆ ಬೇಕಿದ್ದರೆ ಪೌಡರ್; ಎಣ್ಣೆ ಮೇಲೇ ಪೌಡರ್ ಹಾಕಿದರೆ ಕೆಸರಾಗುತ್ತೆ. ರಾತ್ರಿ ತೆಗೆಯೋವಾಗ ಎವೆಯ ಅಂಟಿಗೆ ಎಣ್ಣೆ ಅದ್ದಿದ ಹತ್ತಿ 30 ಸೆಕೆಂಡ್ ಇಟ್ಟು, ತಾನಾಗಿ ಬಿಡೋ ತನಕ ಕಾಯಿರಿ, ಎಳೀಬೇಡಿ. ಮುಖಕ್ಕೆ ಮೊದಲು ಮೇಕಪ್ ಕರಗಿಸೋ ಕ್ಲೆನ್ಸಿಂಗ್ ಬಾಮ್, ಆಮೇಲೆ ಫೇಸ್‌ವಾಶ್. ಮರುದಿನ ಬೆಳಗ್ಗೆ ಕನ್ನಡಿ ನೋಡಿ, ಮುಖ ಹೇಗಿದೆ ಅಂತ ಇಲ್ಲಿ ಬರೀರಿ.